ಯಂತ್ರಕ್ಕೆ ಯಾಕೆ ಬೈಗುಳ?

ಶಿರಸಿಯ ಓದುಗರೊಬ್ಬರು ಬರೆದಿದ್ದಾರೆ: “ಈಗಿನ ಹುಡುಗರ ಯಕ್ಷಗಾನ ಯಂತ್ರ ಕುಣಿದ ಹಾಗಿದೆ. ಬರೀ ಧೀಂಗಿಣದ ನೆಗೆತ, ಗಿರಕಿ. ಭಾವವೇ ಇಲ್ಲ. ಇನ್ನು ರೋಬೋಟನ್ನೇ ಕುಣಿಸಿದರಾಯ್ತು.”

ನಿಮ್ಮ ಬೇಸರ ಸುಳ್ಳಲ್ಲ. 2020ರ ಕೊನೆಗೆ ಬೋಸ್ಟನ್ ಡೈನಾಮಿಕ್ಸ್ ಕಂಪನಿಯ ರೋಬೋಟ್‌ಗಳು ಕುಣಿದ ವಿಡಿಯೊ ಬಂತಲ್ಲ, ಅಲ್ಲಿ ಹೆಜ್ಜೆಗಳನ್ನೆಲ್ಲ ಮೊದಲೇ ಹಾಕಿಕೊಟ್ಟಿದ್ದರು. ಹಾಡುವ ಭಾಗವತರು ಪದ್ಯವನ್ನು ಸ್ವಲ್ಪ ಎಳೆದರೆ ಅವು ಕಾಯುತ್ತಿರಲಿಲ್ಲ. ಇಷ್ಟನ್ನು ಒಪ್ಪುತ್ತೇನೆ. ಆದರೆ ‘ಯಂತ್ರ’ವನ್ನು ಬೈಗುಳ ಮಾಡಿದ್ದಕ್ಕೆ ನನ್ನ ತಕರಾರಿದೆ.

ಪೇಟೆಯಲ್ಲಿ ದರ್ಜಿ ಅಂಗಡಿ ಉಳಿದಿದ್ದರೆ ಹೊಲಿಗೆ ಮಷೀನನ್ನು ಬಗ್ಗಿ ನೋಡಿ. ಚಕ್ರವನ್ನು ಕೈಯಲ್ಲಿ ನಿಧಾನ ತಿರುಗಿಸಲು ಹೇಳಿ. ಸೂಜಿ ಒಳಗಿರುವಾಗ ಬಟ್ಟೆ ಮಿಸುಕುವುದಿಲ್ಲ. ಸೂಜಿ ತಳ ಮುಟ್ಟಿ ಕೂದಲೆಳೆಯಷ್ಟು ಮೇಲೆದ್ದಾಗ ದಾರ ಸಡಿಲಾಗಿ ಕುಣಿಕೆಯಾಗುತ್ತದೆ. ಕೆಳಗಿನ ಕೊಕ್ಕೆ ಅದನ್ನು ಆಗಲೇ ಹಿಡಿಯಬೇಕು. ಸೂಜಿ ಹೊರಬಂದ ಮೇಲೇ ಅಡಿಯ ಹಲ್ಲು ಬಟ್ಟೆಯನ್ನು ಮುಂದೆ ದೂಡುತ್ತದೆ. ಒಂದರ ಪಾಳಿಗೆ ಇನ್ನೊಂದು ನುಗ್ಗುವುದಿಲ್ಲ. ತಾಳ ಅಂದರೂ ಇದೇ ಅಲ್ವಾ?

ಅಮೆರಿಕದ ಫ್ರಾಂಕ್ ಗಿಲ್‌ಬ್ರೆತ್ ಎಂಬಾತ ಗಾರೆ ಕೆಲಸದಿಂದ ಮೇಲೆ ಬಂದವನು. ಒಂದು ಇಟ್ಟಿಗೆ ಇಡಲು ಬೇಕಾಗಿದ್ದ 18 ಚಲನೆಗಳನ್ನು 5ರ ಆಸುಪಾಸಿಗೆ ಇಳಿಸಿದ. ಕೆಲಸಗಾರರ ಕೈಗೆ ಪುಟ್ಟ ದೀಪ ಕಟ್ಟಿ, ಬೆಳಕು ಸಾಗಿದ ದಾರಿಯನ್ನು ಫೋಟೊ ತೆಗೆದ. ಮಾಲೀಕರಿಗೆ ಅದು ಲಾಭದ ಲೆಕ್ಕ, ಗೊತ್ತು. ಆದರೂ ಆ ಗೆರೆಗಳು ನನಗೆ ಕುಣಿತದ ಹಾಗೇ ಕಾಣುತ್ತವೆ.

ಯಕ್ಷಗಾನದ ಹಿರಿಯ ವೇಷಧಾರಿ ಚಿಟ್ಟಾಣಿ ರಾಮಚಂದ್ರ ಹೆಗಡೆಯವರ ಭಸ್ಮಾಸುರ ಪಾತ್ರ ನೋಡಿದವರು ಅವರ ಬಿರುಸನ್ನೇ ಹೊಗಳುತ್ತಾರೆ. ನನಗೆ ಅವರು ನಿಲ್ಲುತ್ತಿದ್ದ ರೀತಿ ಇಷ್ಟ. ಅಷ್ಟು ವೇಗ, ಆದರೆ ಮುಕ್ತಾಯದ ಪೆಟ್ಟಿಗೆ ಕಾಲು ಅಲ್ಲೇ. ಗುಣವಂತೆಯಲ್ಲಿ 1934ರಲ್ಲಿ ಶುರುವಾದ ಇಡಗುಂಜಿ ಮೇಳದ ಶಂಭು ಹೆಗಡೆಯವರು ರಾಮನಾಗಿ ಸುಮ್ನೆ ನಿಂತರೂ ಸಾಕಿತ್ತು. ನಿಮ್ಮ ಹುಡುಗರು ನಿಜವಾಗಿ ಯಂತ್ರವಾಗಿದ್ದರೆ ಇಷ್ಟೊಂದು ಬೇಡದ ಗಿರಕಿ ಹೊಡೆಯುತ್ತಿರಲಿಲ್ಲ.

ಹೊಡೆಸುವವರು ಯಾರು? ಶಿಳ್ಳೆ ಹಾಕುವ ನಾವೇ. ಮೊಬೈಲಿಗೆ ಅರ್ಧ ನಿಮಿಷದ ತುಣುಕು ಬೇಕು, ಅದರಲ್ಲಿ ನಿಲ್ಲುವುದಕ್ಕೆ ಜಾಗವಿಲ್ಲ. ಕೆಲವೇ ಗಂಟೆಗಳಲ್ಲಿ ಮುಗಿಸುವ ಕಾಲಮಿತಿ ಆಟದಲ್ಲಿ ಮೊದಲು ಕತ್ತರಿ ಬೀಳುವುದೂ ನಿಧಾನದ ಪದ್ಯಕ್ಕೇ. ಮೈಕ್ ಜೋರು ಮಾಡಿ ಚಂಡೆ ಬಡಿಸಿದರೆ ಗೆಜ್ಜೆ ಕೇಳುವುದಾದರೂ ಹೇಗೆ? ನಿಮ್ಮಂಥ ಕಿವಿಯುಳ್ಳವರು ಮುಂದಿನ ಪತ್ರದಲ್ಲಿ ಯಂತ್ರವನ್ನು ಬಿಟ್ಟು ಮೈಕಿನವರನ್ನು ಬೈಯಿರಿ. ಒಂದಕ್ಷರ ಕತ್ತರಿಸದೆ ಅಚ್ಚು ಹಾಕುತ್ತೇನೆ.