ಐಜಿಜಿ ಫುಡ್ ಟೆಸ್ಟಲ್ಲಿ ಗೋಧಿ, ಹಾಲು, ತೊಗರಿಬೇಳೆ, ಕಡ್ಲೆಕಾಯಿ ಎಲ್ಲಾ ಕೆಂಪು ಬಂದಿದೆ. ಎಲ್ಲಾ ಬಿಟ್ಟು ಹೊಟ್ಟೆಗೆ ರೆಸ್ಟ್ ಕೊಡ್ಲಾ? ಏಳು ತಿಂಗಳ ಪಾಪುಗೂ ಕೊಡದೇ ಇರ್ಲಾ?

ಬಿಡ್ಬೇಡಿ. ಬೇರೇದು ಆಮೇಲೆ ನೋಡೋಣ, ಗೋಧಿ ಮಾತ್ರ ಸೀಲಿಯಾಕ್ ಟೆಸ್ಟಿಗೆ ರಕ್ತ ಕೊಡೋ ತನಕ ತಿಂತಾನೇ ಇರಿ. ಸೀಲಿಯಾಕ್ ಅಂದ್ರೆ ಗೋಧಿಯ ಗ್ಲೂಟನ್ ಅನ್ನೋ ಪ್ರೋಟೀನ್ ತಿಂದಾಗ ನಮ್ಮ ಇಮ್ಯೂನ್ ಸಿಸ್ಟಮ್ಮೇ ಸಣ್ಣ ಕರುಳನ್ನ ಹಾಳು ಮಾಡೋ ರೋಗ. ಊಟ ಆದ್ಮೇಲೆ ಉಬ್ಬೋ ಹೊಟ್ಟೆ, ತಿಂಗಳುಗಟ್ಟಲೆ ಐರನ್ ಮಾತ್ರೆ ನುಂಗಿದ್ರೂ ಮೇಲೇಳದ ಹಿಮೋಗ್ಲೋಬಿನ್ನು, ಕೆಂಪು ಹಳದಿ ಹಸಿರು ಬಣ್ಣದ ರಿಪೋರ್ಟು, ನೀವು ಬರೆದಿರೋದು ಓದ್ತಾ ಇದು ನಂದೇ ಫೈಲು ಅನ್ನಿಸ್ತು.

ನಾನು ದಾವಣಗೆರೆ ಕಡೆಯೋಳು, ಪಿಯು ಕಾಲೇಜಲ್ಲಿ ಬಯಾಲಜಿ ಪಾಠ ಮಾಡ್ತೀನಿ. ಸೆಕೆಂಡ್ ಪಿಯು ಪುಸ್ತಕದಲ್ಲೇ ಇದೆ, ನಮ್ಮ ಮೈಯಲ್ಲಿರೋ ಲಿಂಫಾಯ್ಡ್ ಅಂದ್ರೆ ರೋಗನಿರೋಧಕ ಅಂಗಾಂಶದಲ್ಲಿ ಸುಮಾರು 50% ಉಸಿರಾಟ, ಜೀರ್ಣ, ಮೂತ್ರ ನಾಳಗಳ ಒಳಪದರದಲ್ಲಿದೆ ಅಂತ. ಒಂದು ಮಾರ್ಕಿನ ಪ್ರಶ್ನೆ ಬರುತ್ತೆ ಅಂತ ವರ್ಷಾ ವರ್ಷ ಅಂಡರ್‌ಲೈನ್ ಮಾಡಿಸ್ತೀನಿ. ಅಂಥವಳು ವಾಟ್ಸಾಪಲ್ಲಿ ಬಂದ ಆಫರ್ ನೋಡಿ, ಮನೆಗೇ ಬಂದು ರಕ್ತ ತಗೊಂಡು ಹೋಗೋ ಒಂದು ಲ್ಯಾಬಿಗೆ ದುಡ್ಡು ಕಟ್ಟಿ, ಅವರು ಕೊಟ್ಟ ಪಟ್ಟೀನ ಫ್ರಿಜ್ ಬಾಗಿಲಿಗೆ ಅಂಟಿಸ್ಕೊಂಡು ಮಾರನೇ ದಿನದಿಂದಲೇ ಚಪಾತಿ, ಉಪ್ಪಿಟ್ಟು, ಹಾಲು, ಬೇಳೆ ಎಲ್ಲಾ ಬಂದ್ ಮಾಡಿದೆ.

ನಿಮ್ಮ ಕೆಂಪು ಪಟ್ಟಿ ಇನ್ನೊಂದ್ಸಲ ನೋಡಿ. ಎಲ್ಲಾ ನೀವು ದಿನಾ ತಿನ್ನೋದೇ ತಾನೆ? ನನ್ನ ರಿಪೋರ್ಟಲ್ಲಿ ಹಸಿರು ಬಂದಿದ್ದು ಸಾಲ್ಮನ್ ಮೀನು, ಬ್ಲೂಬೆರಿ, ಅಂದ್ರೆ ನಾನು ಜನ್ಮದಲ್ಲಿ ಬಾಯಿಗೆ ಹಾಕದೇ ಇರೋವು. ಆಗ್ಲೇ ಡೌಟ್ ಬರ್ಬೇಕಿತ್ತು. ತಿಂದ ಆಹಾರದ ಪ್ರೋಟೀನ್ ಚೂರುಪಾರು ರಕ್ತಕ್ಕೆ ಹೋಗೋದು, ಅದಕ್ಕೆ ಐಜಿಜಿ ಅನ್ನೋ ಆಂಟಿಬಾಡಿ ಸ್ವಲ್ಪ ಹುಟ್ಟೋದು ಆರೋಗ್ಯವಾಗಿರೋರಲ್ಲೂ ಇದ್ದದ್ದೇ. ಮದುವೆ ಮನೇಲಿ ಮುಯ್ಯಿ ಬರ್ಕೊಂಡ ಪುಸ್ತಕ ತಗೊಂಡು ಹೋಗಿ ಪೊಲೀಸರಿಗೆ ಕಳ್ಳರ ಪಟ್ಟಿ ಅಂತ ಕೊಟ್ರೆ ಹೇಗೋ, ಈ ಟೆಸ್ಟ್ ನೋಡಿ ಊಟ ಬಿಡೋದೂ ಹಾಗೇ. ಯುರೋಪಿನ ಅಲರ್ಜಿ ತಜ್ಞರ ಸಂಘ 2008ರಲ್ಲೇ ಆಹಾರದ ಐಜಿಜಿ4 (ಐಜಿಜಿಯದ್ದೇ ಒಂದು ಬಗೆ) ಟೆಸ್ಟ್ ರೋಗ ಪತ್ತೆಗೆ ಬಳಸ್ಬೇಡಿ ಅಂತ ಹೇಳಿದೆ, ಇಲ್ಲಿ ಇನ್ನೂ ಪ್ಯಾಕೇಜ್ ಮಾಡಿ ಮಾರ್ತಿದಾರೆ.

ಇನ್ನು 'ಹೊಟ್ಟೆಗೆ ರೆಸ್ಟ್' ಅನ್ನೋದು. ಕರುಳಿನ ಇಮ್ಯೂನ್ ಸಿಸ್ಟಮ್‌ಗೆ ರೆಸ್ಟ್ ಅನ್ನೋದಿಲ್ಲ, ಬೇಕಾಗೂ ಇಲ್ಲ. ಕರುಳಿನ ಒಳಗೋಡೆ ಅಂದ್ರೆ ಒಂದೇ ಒಂದು ಸಾಲು ಜೀವಕೋಶ, ಈ ಕಡೆ ಊಟ ಮತ್ತು ಕೋಟ್ಯಂತರ ಬ್ಯಾಕ್ಟೀರಿಯಾ, ಆ ಕಡೆ ನಾವು. ಪೇಯರ್ಸ್ ಪ್ಯಾಚ್ ಅಂತ ಓದಿರ್ತೀರಲ್ಲ, ಕರುಳ ಗೋಡೇಲಿರೋ ಇಮ್ಯೂನ್ ಜೀವಕೋಶಗಳ ಗುಂಪು, ಅದರ ಮೇಲೆ ಎಂ ಸೆಲ್ ಅಂತ ಇರ್ತವೆ, ಅವು ಕರುಳಲ್ಲಿ ಹೋಗ್ತಿರೋದ್ರ ಸ್ಯಾಂಪಲ್ ಎತ್ತಿ ಕೆಳಗಿರೋ ಡೆಂಡ್ರೈಟಿಕ್ ಸೆಲ್ ಅನ್ನೋ ಕಾವಲು ಜೀವಕೋಶಗಳಿಗೆ ದಾಟಿಸ್ತವೆ. ಬೇರೆ ದಾರಿಯಿಂದಲೂ ಸ್ಯಾಂಪಲ್ ಬರುತ್ತೆ. ಡೆಂಡ್ರೈಟಿಕ್ ಸೆಲ್ ಆ ಚೂರನ್ನ ಹೊತ್ಕೊಂಡು ಹತ್ತಿರದ ಲಿಂಫ್ ಗಂಟಿಗೆ ಹೋಗಿ ಟಿ ಸೆಲ್‌ಗಳಿಗೆ, ಅಂದ್ರೆ ಜಗಳ ಬೇಕಾ ಬೇಡ್ವಾ ಅಂತ ತೀರ್ಮಾನಿಸೋ ಇಮ್ಯೂನ್ ಜೀವಕೋಶಗಳಿಗೆ, ತೋರಿಸುತ್ತೆ. ಬರೀ ಪ್ರೋಟೀನ್ ಬಂದಿದೆ, ಸೋಂಕಿನ ಸುಳಿವಿಲ್ಲ ಅಂದ್ರೆ, ವಿಟಮಿನ್ ಎ ಇಂದ ತಯಾರಾಗೋ ರೆಟಿನೋಯಿಕ್ ಆಸಿಡ್ ಮತ್ತೆ ಟಿಜಿಎಫ್-ಬೀಟಾ ಅನ್ನೋ ಸಿಗ್ನಲ್ ಎರಡೂ ಸೇರಿ ಆ ಟಿ ಸೆಲ್‌ನ ರೆಗ್ಯುಲೇಟರಿ ಟಿ ಸೆಲ್ ಆಗಿ ಮಾಡ್ತವೆ, ಅಂದ್ರೆ ಇದು ಊಟ, ಗಲಾಟೆ ಬೇಡ ಅಂತ ಮಿಕ್ಕವನ್ನ ಸುಮ್ನಿರಿಸೋ ಜೀವಕೋಶ. ಜೊತೆಗೆ ಕರುಳು ಗೋಡೆಯ ಒಳಗಿಂದ ದಿನಾ ಗ್ರಾಂಗಟ್ಟಲೆ ಐಜಿಎ ಅನ್ನೋ ಇನ್ನೊಂದು ಬಗೆ ಆಂಟಿಬಾಡಿ ಸುರಿದು ಬ್ಯಾಕ್ಟೀರಿಯಾ ಗೋಡೆಗೆ ಅಂಟದ ಹಾಗೆ ನೋಡ್ಕೊಳ್ಳುತ್ತೆ, ಅದರಲ್ಲೂ ಉರಿಯೂತ ಇಲ್ಲ. 1911ರಲ್ಲೇ ಅಮೆರಿಕದ ವೆಲ್ಸ್ ಅನ್ನೋರು ಗಿನಿ ಹಂದಿಗಳಿಗೆ ಮೊದಲು ಮೊಟ್ಟೆ ಪ್ರೋಟೀನ್ ತಿನ್ನಿಸಿ ಆಮೇಲೆ ಅದನ್ನೇ ಚುಚ್ಚಿದ್ರೆ ಅನಾಫಿಲಾಕ್ಸಿಸ್, ಅಂದ್ರೆ ಜೀವಕ್ಕೇ ಅಪಾಯ ತರೋ ಅಲರ್ಜಿ, ಆಗಲ್ಲ ಅಂತ ತೋರಿಸಿದ್ರು. ತಿಂದೇ ಕಲಿಯೋ ವ್ಯವಸ್ಥೆ ಇದು, ಅದಕ್ಕೇ ತಿನ್ನೋದು ಬಿಟ್ರೆ ಸರಿಹೋಗುತ್ತೆ ಅನ್ನೋ ಮಾತು ನಾನು ಒಪ್ಪಲ್ಲ.

ಈಗ ನಾನು ಮಾಡ್ಕೊಂಡ ಎಡವಟ್ಟು. ಗೋಧಿ ಬಿಟ್ಟ ಮೇಲೆ ನಿಜವಾಗ್ಲೂ ಆರಾಮಾಯ್ತು, ಅದೇ ಮೋಸ. ಸುಸ್ತು ಮಾತ್ರ ಹೋಗ್ಲಿಲ್ಲ, ಬೇಳೆ ಹಾಲು ಎರಡೂ ಬಿಟ್ಟಿದ್ದಕ್ಕೆ ಇಳಿದೂ ಹೋದೆ, ನಮ್ಮತ್ತೆ ಬೈದು ಗ್ಯಾಸ್ಟ್ರೋ ಡಾಕ್ಟ್ರ ಹತ್ರ ಕಳಿಸಿದ್ರು. ಅವರು ಸೀಲಿಯಾಕ್ ಇರ್ಬಹುದಾ ನೋಡೋಣ ಅಂತ ಅದರ ರಕ್ತ ಪರೀಕ್ಷೆ ಟಿಟಿಜಿ-ಐಜಿಎ ಬರೆದುಕೊಟ್ರು, ನೆಗೆಟಿವ್ ಬಂತು. ಗೋಧಿ ಬಿಟ್ಟು ಅರ್ಧ ವರ್ಷದ ಮೇಲಾಗಿದೆ ಅಂತ ನಾನು ಹೇಳಲಿಲ್ಲ, ಅವರೂ ಕೇಳಲಿಲ್ಲ. ಸೀಲಿಯಾಕ್ ಇಲ್ವಂತೆ ಅಂತ ಖುಷಿಯಾಗಿ ಹಬ್ಬಕ್ಕೆ ಹೋಳಿಗೆ, ಭಾನುವಾರಕ್ಕೆ ರವೆ ಇಡ್ಲಿ ಅಂತ ಆಗೊಮ್ಮೆ ಈಗೊಮ್ಮೆ ಶುರು ಮಾಡ್ದೆ, ಒಳಗೆ ಕರುಳು ಅದರ ಪಾಡಿಗೆ ಸವೀತಾ ಇತ್ತು.

ಯಾಕೆ ನೆಗೆಟಿವ್ ಬಂತು ಅನ್ನೋದು ತಲೆಗೆ ಹೋಗ್ಲೇಬೇಕು, ಅದಕ್ಕೆ ಉದ್ದ ಬರೀತೀನಿ. ಗೋಧಿಯ ಗ್ಲೂಟನ್‌ನಲ್ಲಿ ಪ್ರೋಲಿನ್, ಗ್ಲುಟಮಿನ್ ಅನ್ನೋ ಅಮೈನೋ ಆಸಿಡ್‌ಗಳು ಜಾಸ್ತಿ, ನಮ್ಮ ಕಿಣ್ವಗಳಿಗೆ ಅದನ್ನ ಪೂರ್ತಿ ಕತ್ತರಿಸೋಕಾಗಲ್ಲ, ಉದ್ದುದ್ದ ತುಂಡು ಉಳಿಯುತ್ತೆ. ಅದು ಗೋಡೆ ದಾಟಿದ್ರೆ ಟಿಶ್ಯೂ ಟ್ರಾನ್ಸ್‌ಗ್ಲುಟಮಿನೇಸ್, ಅಂದ್ರೆ ಟಿಟಿಜಿ ಅನ್ನೋ ನಮ್ಮದೇ ಕಿಣ್ವ ಅಲ್ಲಿನ ಗ್ಲುಟಮಿನ್‌ನ ಗ್ಲುಟಮಿಕ್ ಆಸಿಡ್ ಮಾಡುತ್ತೆ, ಆಗ ಅದಕ್ಕೆ ನೆಗೆಟಿವ್ ಚಾರ್ಜ್ ಬರುತ್ತೆ, ಡಿಕ್ಯೂ2 ಅಥವಾ ಡಿಕ್ಯೂ8 ಜೀನ್ ಇರೋರ ಜೀವಕೋಶದ ಮೇಲೆ ಗಟ್ಟಿಯಾಗಿ ಕೂರುತ್ತೆ, ಟಿ ಸೆಲ್ ಅದನ್ನ ನೋಡಿ ಸುಮ್ನಿರೋ ಬದಲು ಜಗಳಕ್ಕೇ ನಿಲ್ಲುತ್ತೆ. ವಿಲ್ಲೈ, ಅಂದ್ರೆ ಆಹಾರ ಹೀರೋ ಬೆರಳಿನಂಥ ಎಳೆಗಳು, ಸವೆದು ಚಪ್ಪಟೆ ಆಗೋದು ಈ ಜಗಳದಲ್ಲಿ, ಐರನ್ ಹೀರೋ ಡುಯೋಡಿನಮ್ಮಲ್ಲೇ (ಸಣ್ಣ ಕರುಳಿನ ಮೊದಲ ಭಾಗ) ಅದು ನಡೆಯೋದ್ರಿಂದ ಮಾತ್ರೆ ನುಂಗಿದ್ರೂ ರಕ್ತ ಏರಲ್ಲ. ಇದರ ಮಧ್ಯೆ ಟಿಟಿಜಿ ಕಿಣ್ವ ಗ್ಲೂಟನ್ ತುಂಡಿಗೆ ಅಂಟ್ಕೊಂಡು ಎರಡೂ ಒಟ್ಟಿಗೆ ಆಂಟಿಬಾಡಿ ಮಾಡೋ ಬಿ ಸೆಲ್ ಒಳಗೆ ಹೋಗ್ತವೆ, ಗ್ಲೂಟನ್ ಗುರುತು ಹಿಡಿಯೋ ಟಿ ಸೆಲ್ ಆ ಬಿ ಸೆಲ್‌ಗೆ ಸಹಾಯ ಮಾಡುತ್ತೆ, ಹಾಗಾಗಿ ಅದು ನಮ್ಮದೇ ಕಿಣ್ವದ ಮೇಲೆ ಆಂಟಿಬಾಡಿ ಮಾಡುತ್ತೆ. ಟೆಸ್ಟ್ ಅಳೆಯೋದು ಈ ಆಂಟಿಬಾಡೀನ. ಗ್ಲೂಟನ್ ಬರೋದು ನಿಂತ್ರೆ ಟಿ ಸೆಲ್ ಸಹಾಯ ನಿಲ್ಲುತ್ತೆ, ಆಂಟಿಬಾಡಿ ತಿಂಗಳು ತಿಂಗಳು ಇಳಿದು ನಾರ್ಮಲ್ಲಿಗೆ ಬರುತ್ತೆ, ರೋಗ ಮಾತ್ರ ಹೋಗಿರಲ್ಲ. ಟಿ ಸೆಲ್ ಮರೆಯೋ ಜಾತಿ ಅಲ್ಲ. ನಾನು ಟೆಸ್ಟಿಗೆ ಮೊದಲೇ ಸಾಕ್ಷಿ ಅಳಿಸಿ ಹಾಕಿದ್ದೆ.

ಆಮೇಲೆ ಇನ್ನೊಬ್ಬ ಡಾಕ್ಟ್ರು ಮೊದಲು ಕೇಳಿದ್ದೇ "ಗೋಧಿ ತಿಂತಿದೀರಾ ಮೇಡಂ?" ಅಂತ. ಅಪರೂಪಕ್ಕೆ ಅಂದೆ. ಹಾಗಾದ್ರೆ ಈಗ ಏನು ಟೆಸ್ಟ್ ಮಾಡಿದ್ರೂ ನಂಬೋಕಾಗಲ್ಲ, ದಿನಾ ಒಂದೆರಡು ಚಪಾತಿ ತಿಂದು ಬನ್ನಿ ಅಂದ್ರು. ಗ್ಲೂಟನ್ ಚಾಲೆಂಜ್ ಅಂತಾರೆ, ದಿನಕ್ಕೆ ಮೂರು ಗ್ರಾಂ ಗ್ಲೂಟನ್, ಎರಡು ವಾರದಿಂದ ಎಂಟು ವಾರದವರೆಗೂ. ಹೊಟ್ಟೆ ನೋವಲ್ಲಿ ಟೇಬಲ್ ಹಿಡ್ಕೊಂಡು ಕ್ಲಾಸ್ ತಗೊಂಡಿದೀನಿ ಆ ದಿನಗಳಲ್ಲಿ. ಕೊನೆಗೆ ಟಿಟಿಜಿ ಪಾಸಿಟಿವ್, ಎಂಡೋಸ್ಕೋಪಿ ಬಯಾಪ್ಸೀಲಿ ವಿಲ್ಲೈ ಚಪ್ಪಟೆ. ಮೊದಲ ದಿನವೇ ರಕ್ತ ಕೊಟ್ಟಿದ್ರೆ ಇದ್ಯಾವುದೂ ಇರ್ತಿರಲಿಲ್ಲ.

ದಕ್ಷಿಣದಲ್ಲಿ ಡಾಕ್ಟ್ರುಗಳಿಗೆ ಸೀಲಿಯಾಕ್ ತಕ್ಷಣ ಹೊಳೆಯಲ್ಲ, ಅವರನ್ನ ಅಂದು ಪ್ರಯೋಜನ ಇಲ್ಲ. 2016ರಲ್ಲಿ ಪ್ರಕಟವಾದ ಸಮೀಕ್ಷೇಲಿ ರಕ್ತದಲ್ಲಿ ಸೀಲಿಯಾಕ್ ಆಂಟಿಬಾಡಿ ಇರೋರು ಉತ್ತರ ಭಾರತದಲ್ಲಿ ನೂರಕ್ಕೆ ಒಬ್ಬರಿಗಿಂತ ಸ್ವಲ್ಪ ಜಾಸ್ತಿ, ದಕ್ಷಿಣದಲ್ಲಿ ಸಾವಿರಕ್ಕೆ ಒಬ್ಬರು ಸಿಕ್ಕಿದ್ರು. ಆ ಡಿಕ್ಯೂ ಜೀನ್ ಮಾತ್ರ ಎರಡೂ ಕಡೆ ಹೆಚ್ಚುಕಮ್ಮಿ ಒಂದೇ, ಮೂರರಲ್ಲಿ ಒಬ್ಬರಿಗಿದೆ. ನಾವು ಗೋಧಿ ಕಮ್ಮಿ ತಿಂತಿದ್ವಿ ಅಷ್ಟೆ, ಈಗ ರಾತ್ರಿ ಡಯಟ್ ಅಂತ ಮನೆಮನೇಲೂ ಚಪಾತಿ.

ನೀವು ಮಾಡ್ಬೇಕಾದ್ದು ಇಷ್ಟೆ. ಟಿಟಿಜಿ-ಐಜಿಎ ಜೊತೆ ಟೋಟಲ್ ಐಜಿಎ ಕೂಡ ಮಾಡಿಸಿ, ಕೆಲವರಿಗೆ ಐಜಿಎನೇ ಇರಲ್ಲ, ಅಂಥವರಿಗೆ ಸುಮ್ಸುಮ್ನೆ ನೆಗೆಟಿವ್ ಬರುತ್ತೆ. ಪಾಸಿಟಿವ್ ಬಂದ್ರೂ ಎಂಡೋಸ್ಕೋಪಿ ಆಗೋ ತನಕ ತಿನ್ನಿ. ನೆಗೆಟಿವ್ ಬಂದ್ರೆ ಗೋಧಿಯ ಫ್ರಕ್ಟಾನ್ ಅನ್ನೋ ಜೀರ್ಣವಾಗದ ಕಾರ್ಬೋಹೈಡ್ರೇಟ್ ಇಂದ ಉಬ್ತಿರಬಹುದು, ಅದಕ್ಕೂ ಇಮ್ಯೂನಿಟಿಗೂ ಸಂಬಂಧ ಇಲ್ಲ, ಆದ್ರೆ ಐರನ್ ಯಾಕೆ ಏರ್ತಿಲ್ಲ ಅಂತ ಡಾಕ್ಟ್ರನ್ನ ಬಿಡದೇ ಕೇಳಿ. ಹಾಲೂ ಅಷ್ಟೆ, ಲ್ಯಾಕ್ಟೇಸ್ ಕಿಣ್ವ ಇರೋದು ವಿಲ್ಲೈ ತುದೀಲಿ, ತುದಿ ಸವೆದಾಗ ಹಾಲು ಆಗಲ್ಲ, ನಂಗೆ ಕರುಳು ವಾಸಿಯಾದ ಮೇಲೆ ಕಾಫಿ ವಾಪಸ್ ಬಂತು. ಆಮೇಲೆ ಸೀಲಿಯಾಕ್ ಅಂತಲೇ ಆದ್ರೆ ಮುದ್ದೆ, ಜೋಳದ ರೊಟ್ಟಿ, ಅಕ್ಕಿ ಇರೋ ನಾಡಲ್ಲಿ ಬದುಕೋದು ಕಷ್ಟ ಇಲ್ಲ, ಕಷ್ಟ ಕೊಡೋದು ಇಂಗು. ಡಬ್ಬಿ ಇಂಗಲ್ಲಿ ತುಂಬಾ ಬ್ರಾಂಡಿಗೆ ಗೋಧಿ ಹಿಟ್ಟೋ ಮೈದಾನೋ ಬೆರೆಸಿರ್ತಾರೆ, ಮದುವೆ ಮನೆ ಸಾರಲ್ಲಿ ಯಾವ ಇಂಗು ಅಂತ ಕೇಳಿದ್ರೆ ಅಡುಗೆಯೋರು ಮೇಲಿಂದ ಕೆಳಗೆ ನೋಡ್ತಾರೆ, ಕೇಳಿ.

ಪಾಪುಗೆ ಮಾತ್ರ ನಿಮ್ಮ ರಿಪೋರ್ಟ್ ನೋಡಿ ಏನೂ ನಿಲ್ಲಿಸ್ಬೇಡಿ. ಲಂಡನ್ನಲ್ಲಿ ಅಲರ್ಜಿ ಅಪಾಯ ಜಾಸ್ತಿ ಇರೋ 640 ಕೂಸುಗಳ ಮೇಲೆ ನಡೆಸಿ 2015ರಲ್ಲಿ ಹೊರಬಂದ ಅಧ್ಯಯನದಲ್ಲಿ, ಕಡ್ಲೆಕಾಯಿ ದೂರ ಇಟ್ಟವರಿಗಿಂತ ಮೊದಲ ವರ್ಷದಿಂದಲೇ ತಿನ್ನಿಸಿದವರಲ್ಲಿ ಐದು ವರ್ಷಕ್ಕೆ ಕಡ್ಲೆಕಾಯಿ ಅಲರ್ಜಿ ಸುಮಾರು 80% ಕಮ್ಮಿ ಇತ್ತು. ಮೈಮೇಲೆ ಜೋರು ಎಕ್ಸಿಮಾ (ಕೆಂಪಾಗಿ ತುರಿಸೋ ಚರ್ಮರೋಗ) ಇದ್ರೆ, ಮೊಟ್ಟೆ ಅಲರ್ಜಿ ಆಗ್ಲೇ ಗೊತ್ತಾಗಿದ್ರೆ ಮಕ್ಕಳ ಡಾಕ್ಟ್ರನ್ನ ಕೇಳಿ ಶುರು ಮಾಡಿ. ಇಲ್ಲಾಂದ್ರೆ ಹುರಿದ ಕಡ್ಲೆಕಾಯಿ ನುಣ್ಣಗೆ ಅರೆದು ರಾಗಿ ಸರಿಗೆ ಚೂರೇ ಚೂರು ಬೆರೆಸಿ ಬೆಳಗ್ಗೆ ಹೊತ್ತು ಕೊಡಿ, ಇಡೀ ಬೀಜ ಬೇಡವೇ ಬೇಡ, ಗಂಟಲಿಗೆ ಸಿಕ್ಕೊಳ್ಳುತ್ತೆ. ಬೇಳೆ ಕಟ್ಟು ಕೊಡ್ತಿದ್ರೆ ಕೊಡ್ತಾನೇ ಇರಿ. ನಿಮಗೆ ಸೀಲಿಯಾಕ್ ಅಂತಾದ್ರೆ ಅಣ್ಣತಮ್ಮ ಅಕ್ಕತಂಗೀರಿಗೂ ಟಿಟಿಜಿ ಮಾಡಿಸೋಕೆ ಹೇಳಿ, ಪಾಪುಗೆ ಗೋಧಿ ಶುರುವಾಗಿ ಸ್ವಲ್ಪ ದೊಡ್ಡದಾದ ಮೇಲೆ ಅದಕ್ಕೂ, ಗೋಧಿ ತಿನ್ನದ ಮಗುಗೆ ಮಾಡಿಸಿ ಉಪಯೋಗ ಇಲ್ಲ.