ಕಾಫ್ಕಾ ಸುಡಲು ಹೇಳಿದ ಹಸ್ತಪ್ರತಿಗಳ ಬಗ್ಗೆ

ಪ್ರಾಗ್ ನಗರದ ಜರ್ಮನ್ ಭಾಷೆಯ ಲೇಖಕ ಫ್ರಾಂಜ್ ಕಾಫ್ಕಾ ತಮ್ಮ ಹಸ್ತಪ್ರತಿಗಳನ್ನು ಸುಡಲು ಹೇಳಿದ್ದು ನಿಜವೇ, ನಿಜವಾದರೆ ಗೆಳೆಯ ಮ್ಯಾಕ್ಸ್ ಬ್ರಾಡ್ ಮಾಡಿದ್ದು ದ್ರೋಹವಲ್ಲವೇ ಎಂದು ಕೇಳಿದ್ದೀರಿ. ಹೇಳಿದ್ದು ನಿಜ. 1924ರ ಜೂನ್ 3ರಂದು ಕಾಫ್ಕಾ ಕ್ಷಯದಿಂದ ತೀರಿಕೊಂಡ ಬಳಿಕ ಅವರ ಕಾಗದಪತ್ರಗಳಲ್ಲಿ ಬ್ರಾಡ್‌ಗೆ ಎರಡು ಚೀಟಿಗಳು ಸಿಕ್ಕವು. ದಿನಚರಿ, ಪತ್ರ, ಹಸ್ತಪ್ರತಿ ಎಲ್ಲವನ್ನೂ ಓದದೆ ಸುಡಬೇಕೆಂದು ಶಾಯಿಯಲ್ಲಿ ಬರೆದ ಚೀಟಿ ಕೋರುತ್ತದೆ. ಪೆನ್ಸಿಲಿನಲ್ಲಿ ಬರೆದದ್ದು ಅಷ್ಟು ಕಠೋರವಲ್ಲ. ಆಗಲೇ ಅಚ್ಚಾಗಿದ್ದ 'ರೂಪಾಂತರ' ಮೊದಲಾದ ಕೆಲವು ಕೃತಿಗಳಿಗೆ ಬೆಲೆಯಿದೆಯೆಂದು ಅದು ಒಪ್ಪುತ್ತದೆ.

ಈ ಕೋರಿಕೆಯನ್ನು ತಾನು ನಡೆಸಿಕೊಡುವುದಿಲ್ಲವೆಂದು ಕಾಫ್ಕಾಗೆ ಮೊದಲೇ ತಿಳಿಸಿದ್ದೆ, ಅವರ ಸಂಕಲ್ಪ ಅಚಲವಾಗಿದ್ದರೆ ಬೇರೆಯವರಿಗೆ ಈ ಹೊಣೆ ವಹಿಸುತ್ತಿದ್ದರು ಎಂಬುದು ಬ್ರಾಡ್ ಕೊಟ್ಟ ಸಮರ್ಥನೆ. ನನಗೆ ಇದು ಒಪ್ಪಿಗೆಯಾಗುತ್ತದೆ, ಏಕೆಂದರೆ ಗಂಟಲಿಗೆ ಹರಡಿದ ರೋಗದಿಂದ ಮಾತನಾಡುವುದೂ ಕಷ್ಟವಾಗಿದ್ದ ಕೊನೆಯ ದಿನಗಳಲ್ಲಿಯೂ ಕಾಫ್ಕಾ ತಮ್ಮ ಹೊಸ ಕಥಾಸಂಕಲನದ ಕರಡಚ್ಚನ್ನು ತಿದ್ದುತ್ತಿದ್ದರು. ಬರಹವೆಲ್ಲ ಅಳಿಯಲೆಂದು ಮನಸಾರೆ ಬಯಸಿದವರು ಹಾಗೆ ಮಾಡುವುದಿಲ್ಲ.

ಆದರೆ ಬ್ರಾಡ್ ಕೇವಲ ಕಾಪಾಡಿದವರಲ್ಲ ಎಂಬುದನ್ನೂ ಗಮನಿಸಬೇಕು. 1925ರಲ್ಲಿ ಅವರು ಪ್ರಕಟಿಸಿದ 'ವಿಚಾರಣೆ' ಕಾದಂಬರಿಯು ಬಿಡಿ ಕಟ್ಟುಗಳ ರೂಪದಲ್ಲಿ ಉಳಿದಿತ್ತು. ಅಧ್ಯಾಯಗಳ ಅನುಕ್ರಮವನ್ನು ನಿರ್ಧರಿಸಿದವರು ಅವರೇ, ಅದರ ಬಗ್ಗೆ ವಿದ್ವಾಂಸರ ಚರ್ಚೆ ಇನ್ನೂ ನಿಂತಿಲ್ಲ. 1939ರ ಮಾರ್ಚ್‌ನಲ್ಲಿ ನಾಜಿ ಸೇನೆ ಪ್ರಾಗ್ ಪ್ರವೇಶಿಸುವ ಹೊತ್ತಿಗೆ ಅವರು ಈ ಹಸ್ತಪ್ರತಿಗಳನ್ನು ಪೆಟ್ಟಿಗೆಯಲ್ಲಿಟ್ಟುಕೊಂಡು ರೈಲಿನಲ್ಲಿ ಪಾರಾದರು. ಕಾಫ್ಕಾರ ಕೊನೆಯ ಸಂಗಾತಿ ಡೋರಾ ಡಿಯಾಮಂಟ್ ಮಾತ್ರ ಅವರ ಮಾತಿನಂತೆ ಕೆಲವು ಬರಹಗಳನ್ನು ಸುಟ್ಟಿದ್ದರು. ಆಕೆ ಉಳಿಸಿಕೊಂಡಿದ್ದ ಕಾಗದಗಳನ್ನು 1933ರಲ್ಲಿ ನಾಜಿಗಳ ರಹಸ್ಯ ಪೊಲೀಸ್ ಪಡೆಯಾದ ಗೆಸ್ಟಾಪೊ ಒಯ್ದಿತು, ಅವು ಇಂದಿಗೂ ಸಿಕ್ಕಿಲ್ಲ.