ಆರನೆಯ ಪುಟದ ನಾಲ್ಕು ಸಾಲು

ಪ್ರಿಯ ಲೇಖಕರೆ,

‘ಹೆಟರಾಗ್ರಫಿ: ಇಂಗ್ಲಿಷಿನ ಹುಚ್ಚಾಟ, ಕನ್ನಡದ ಹೆಚ್ಚಳ’ ಎಂಬ ನಿಮ್ಮ ಲೇಖನ ಬಂದಿದೆ. ಹನ್ನೊಂದು ಪುಟ. ಎರಡು ಸಲ ಓದಿದೆ, ಎರಡನೆಯ ಸಲ ಪೆನ್ಸಿಲ್ ಹಿಡಿದುಕೊಂಡು. ಈಗಿರುವಂತೆ ಪ್ರಕಟಿಸಲು ಆಗುವುದಿಲ್ಲ. ‘ಸ್ಥಳಾಭಾವ’ ಎಂಬ ನಮ್ಮ ಮಾಮೂಲಿ ಸುಳ್ಳನ್ನು ನಿಮಗೆ ಹೇಳಲು ಮನಸ್ಸು ಬರಲಿಲ್ಲ, ಅದಕ್ಕೇ ಇಷ್ಟುದ್ದದ ಕಾಗದ.

ನಗು ತರಿಸಿದ್ದನ್ನು ಮೊದಲು ಹೇಳಿಬಿಡುತ್ತೇನೆ. ಹೇಗೆಂದರೆ ಹಾಗೆ ಬರೆಯುವ ಸ್ಪೆಲಿಂಗಿಗೆ ಒಂದು ಹಳೆಯ ಹೆಸರಿದೆ ಎಂದು ನೀವು ಕಂಡುಹಿಡಿದಿರಿ, ಸಂತೋಷ. ಆದರೆ ಆ ಹೆಸರನ್ನೇ ನಾಲ್ಕು ಥರ ಬರೆದಿದ್ದೀರಿ. ಶೀರ್ಷಿಕೆಯಲ್ಲಿ ಹೆಟರಾಗ್ರಫಿ, ಎರಡನೆಯ ಪುಟದಲ್ಲಿ ಹೆಟೆರೋಗ್ರಫಿ, ಐದರಲ್ಲಿ ಹೆಟ್ರೊಗ್ರಾಫಿ, ಕೊನೆಗೆ ಹೇಟರೋಗ್ರಾಫಿ. ನಮ್ಮಲ್ಲಿ ಪ್ರೂಫ್ ನೋಡುವವರು ‘ಇದು ಬೇಕಂತಲೇ ಮಾಡಿದ್ದಾ ಸಾರ್?’ ಎಂದು ಕೇಳಿದರು. ಹೌದು ಎನ್ನುವ ಆಸೆಯಾಯಿತು.

ಈಗ ಆ ಪದದ ವಿಷಯ. ಗ್ರೀಕಿನಲ್ಲಿ ‘ಹೆಟರಾಸ್’ ಅಂದರೆ ಬೇರೆ, ‘ಗ್ರಾಫೀನ್’ ಅಂದರೆ ಬರೆ. ಇಂಗ್ಲಿಷ್ ನಿಘಂಟುಗಳು ಇದಕ್ಕೆ ಎರಡು ಅರ್ಥ ಕೊಡುತ್ತವೆ. ರೂಢಿಯ ಸ್ಪೆಲಿಂಗ್ ಬಿಟ್ಟು ಬೇರೆ ಥರ ಬರೆಯುವುದು ಒಂದು. ಒಂದೇ ಅಕ್ಷರ ಒಂದೊಂದು ಕಡೆ ಒಂದೊಂದು ದನಿ ಕೊಡುವುದು ಇನ್ನೊಂದು; ‘ಕ್ಯಾಟ್’ನಲ್ಲಿ ಕ ಆಗುವ ‘ಸಿ’ ‘ಸಿಟಿ’ಯಲ್ಲಿ ಸ ಆಗುತ್ತದಲ್ಲ, ಹಾಗೆ. ಮೊದಲನೆಯದು ಬರೆದವನ ತಪ್ಪು, ಎರಡನೆಯದು ಲಿಪಿಯ ಸ್ವಭಾವ. ನೀವು ಎರಡನೆಯದನ್ನು ವಿವರಿಸಿ ಉದಾಹರಣೆಗಳನ್ನೆಲ್ಲ ಮೊದಲನೆಯದಕ್ಕೆ ಕೊಟ್ಟಿದ್ದೀರಿ. ‘ಚಿಲ್ಡ್ ಬಿಯರ್’ ಎಂದು ಬರೆಯಲು ಹೋಗಿ ‘ಚೈಲ್ಡ್ ಬಿಯರ್’ ಎಂದು ಬೋರ್ಡು ಹಾಕಿದ ಅಂಗಡಿಯ ಕತೆ ಚೆನ್ನಾಗಿದೆ, ಆದರೆ ಅದಕ್ಕೆ ಇಂಗ್ಲಿಷ್ ಲಿಪಿಯನ್ನು ಬೈದು ಪ್ರಯೋಜನವಿಲ್ಲ.

ಮೂರನೆಯ ಪುಟದ, ನಾಟಕಕಾರ ಬರ್ನಾರ್ಡ್ ಶಾ ಅವರ ಪ್ರಸಂಗ ಪೂರ್ತಿ ಹೋಗಬೇಕು. ‘ಜಿ ಎಚ್ ಓ ಟಿ ಐ’ ಎಂದು ಬರೆದು ಅದನ್ನು ‘ಫಿಶ್’ ಎಂದು ಓದಬಹುದು ಎಂದು ಶಾ ಗೇಲಿ ಮಾಡಿದರಂತೆ. ಎಲ್ಲರೂ ಬರೆಯುತ್ತಾರೆ, ನೀವೂ ಬರೆದಿರಿ. ಆದರೆ ಈ ಚೇಷ್ಟೆ 1855ರ ಡಿಸೆಂಬರಿನಲ್ಲಿ ಚಾರ್ಲ್ಸ್ ಆಲಿಯರ್ ಎಂಬ ಪ್ರಕಾಶಕರು ಕವಿ ಲೀ ಹಂಟ್ ಅವರಿಗೆ ಬರೆದ ಕಾಗದದಲ್ಲೇ ಇದೆ, ತಮ್ಮ ಮಗನ ತಮಾಷೆ ಎಂದು. ಶಾ ಹುಟ್ಟಿದ್ದು 1856ರ ಜುಲೈಯಲ್ಲಿ.

ಯಾರು ಹೇಳಿದರು ಎನ್ನುವುದು ಹಾಗಿರಲಿ, ಈ ತಮಾಷೆ ನಿಮ್ಮ ವಾದಕ್ಕೇ ತಿರುಗಿ ಬೀಳುತ್ತದೆ. ‘ಲಾಫ್’ನ ಕೊನೆಯ ‘ಜಿ ಎಚ್’ ಫ ಆಗುತ್ತದೆ, ‘ವಿಮೆನ್’ನ ‘ಓ’ ಇ ಆಗುತ್ತದೆ, ನಿಜ. ಆದರೆ ಪದದ ಮೊದಲಲ್ಲಿ ಅದು ಎಂದೂ ಫ ಆಗದು. ಅಲ್ಲಿ ಗ ಮಾತ್ರ, ‘ಘೋಸ್ಟ್’ ಇದ್ದ ಹಾಗೆ. ‘ನೇಷನ್’ನಲ್ಲಿ ‘ಟಿ ಐ’ ಷ ಆಗುವುದು ಮುಂದೆ ಇನ್ನೊಂದು ಸ್ವರ ಇದೆಯೆಂದು. ಪದದ ಕೊನೆಯಲ್ಲಿ ಆಗದು. ಅಂದರೆ ಇಂಗ್ಲಿಷ್ ಬಲ್ಲವರು ಯಾರೂ ಆ ಐದು ಅಕ್ಷರವನ್ನು ಫಿಶ್ ಎಂದು ಓದುವುದಿಲ್ಲ. ಯಾಕೆ ಓದುವುದಿಲ್ಲ? ಜಾಗ ನೋಡಿ ದನಿ ಗೊತ್ತುಮಾಡುವ ನಿಯಮ ಅಲ್ಲೂ ಇದೆ. ನೀವು ‘ನಿಯಮವೇ ಇಲ್ಲದ ಹುಚ್ಚರ ಸಂತೆ’ ಎಂದು ಬರೆದಿದ್ದೀರಿ. ಸಂತೆ ಸರಿ, ಗಲಾಟೆಯೂ ಸರಿ, ಆದರೆ ಯಾವ ಅಂಗಡಿ ಎಲ್ಲಿದೆ ಎಂದು ಅಲ್ಲಿಯವರಿಗೆ ಗೊತ್ತು.

ಗಲಾಟೆ ಎಲ್ಲಿಂದ ಬಂತು ಎನ್ನುವುದಕ್ಕೆ ನೀವು ಒಂದೇ ಸಾಲು ಕೊಟ್ಟಿದ್ದೀರಿ, ಬೈಗುಳಕ್ಕೆ ಎರಡು ಪುಟ. ನಾನಾಗಿದ್ದರೆ ತಿರುವುಮುರುವು ಮಾಡುತ್ತಿದ್ದೆ. ನಾನು ಓದಿದ್ದು ಕನ್ನಡ ಮಾಧ್ಯಮದಲ್ಲಿ. ಐದನೇ ಕ್ಲಾಸಿನಲ್ಲಿ ಸ್ಪೆಲಿಂಗ್ ಎಂದರೆ ರಾಗವಾಗಿ ಹೇಳುವ ಮಗ್ಗಿ: ಕೆ ಎನ್ ಐ ಎಫ್ ಇ, ನೈಫ್. ಪಕ್ಕದ ಬೆಂಚಿನವನು ಕಂಡದ್ದನ್ನು ಕಂಡ ಹಾಗೆ ‘ಕ್ನೈಫ್’ ಎಂದು ಓದಿ ಅಂಗೈಗೆ ಏಟು ತಿಂದ. ಅವನು ಹುಟ್ಟಲು ಆರುನೂರು ವರ್ಷ ತಡಮಾಡಿದ್ದ, ಅಷ್ಟೆ. ಹದಿನಾಲ್ಕನೆಯ ಶತಮಾನದ ಕವಿ ಚಾಸರನ ಕಾಲದಲ್ಲಿ ಆ ಕೆ ಬಾಯಲ್ಲಿತ್ತು, ಪದ ಹೆಚ್ಚುಕಮ್ಮಿ ‘ಕ್ನೀಫ್’. ‘ನೈಟ್’ ಎಂಬ ಸರದಾರನಲ್ಲೂ ಕೆ ಇತ್ತು, ನಡುವಿನ ‘ಜಿ ಎಚ್’ ಉಸಿರು ಉಜ್ಜುವ ಒಂದು ಖಕಾರದಂತಿತ್ತು. ಅದರ ದಾಯಾದಿ ಪದ ಜರ್ಮನ್ನಿನಲ್ಲಿ ಇವತ್ತಿಗೂ ‘ಕ್ನೆಖ್ಟ್’. ಇಂಗ್ಲೆಂಡಿನ ಮೊದಲ ಮುದ್ರಕ ಕ್ಯಾಕ್ಸ್‌ಟನ್ ವೆಸ್ಟ್‌ಮಿನ್‌ಸ್ಟರಿನಲ್ಲಿ 1476ರಲ್ಲಿ ಅಚ್ಚುಕೂಟ ಹೂಡಿದಾಗ ಇಂಗ್ಲಿಷಿನ ದೀರ್ಘಸ್ವರಗಳೆಲ್ಲ ಜಾಗ ಬದಲಿಸುತ್ತಿದ್ದವು. ಅಚ್ಚಿನ ಮೊಳೆ ಜೋಡಿಸುವವರು ಕೈಗೆ ಬಂದ ರೂಪವನ್ನು ಜೋಡಿಸುತ್ತ ಹೋದರು, ಕಾಲಕ್ರಮದಲ್ಲಿ ಬರಹ ಬಿಗಿಯಿತು, ಬಾಯಿ ಮಾತ್ರ ನಿಲ್ಲದೆ ನಡೆಯಿತು. ‘ಘೋಸ್ಟ್’ನಲ್ಲಿ ಸುಮ್ಮನೆ ಕೂತಿರುವ ಎಚ್ ಕೂಡ ಫ್ಲಾಂಡರ್ಸ್ ಕಡೆಯ ಬರವಣಿಗೆಯ ರೂಢಿಯಿಂದ ಅಚ್ಚಿನ ಮೊಳೆಯ ಜೊತೆ ಬಂದದ್ದು. ದೆವ್ವದ ಪದದಲ್ಲೇ ಒಂದು ದೆವ್ವ.

‘ಡೆಟ್’ನ ಬಿ ನಿಮ್ಮ ಕಣ್ಣಿಗೆ ಬಿದ್ದಿದೆ, ಶಹಬ್ಬಾಸ್. ಫ್ರೆಂಚಿನಿಂದ ಬರುವಾಗ ಅದರಲ್ಲಿ ಬಿ ಇರಲಿಲ್ಲ. ಲ್ಯಾಟಿನ್ ಮೋಹದ ಪಂಡಿತರು ‘ಡೆಬಿಟಮ್’ ನೆನಪಿಗೆ ಅದನ್ನು ತುರುಕಿದರು. ‘ಐಲ್ಯಾಂಡ್’ನ ಎಸ್ ಇನ್ನೂ ಮಜ. ಅದು ಲ್ಯಾಟಿನ್ ಪದವೇ ಅಲ್ಲ, ಅಚ್ಚ ಇಂಗ್ಲಿಷ್. ಲ್ಯಾಟಿನ್ನಿನ ‘ಇನ್ಸುಲಾ’ದಿಂದ ಬಂದ ‘ಐಲ್’ ಜೊತೆ ನಂಟಸ್ತನ ಕಲ್ಪಿಸಿ ಎಸ್ ಹಾಕಿದರು. ಇಲ್ಲಿ ನಿಂತು ನಮ್ಮ ಕಡೆ ಒಂದು ಸಲ ತಿರುಗಿ ನೋಡಬಾರದಿತ್ತೆ? ‘ವಿಧ್ಯಾರ್ಥಿ’ ಎಂದು ಬರೆಯುವವರು, ‘ಧೀರ್ಘ’ ಎಂದು ಬರೆಯುವವರು ಮಾಡುತ್ತಿರುವುದೂ ಅದೇ. ಇಲ್ಲದ ಉಸಿರು ಸೇರಿಸಿದರೆ ಪದಕ್ಕೆ ಮಡಿ ಉಡಿಸಿದಂತೆ ಎಂಬ ನಂಬಿಕೆ. ನಿಮ್ಮ ಎಂಟನೆಯ ಪುಟದಲ್ಲೂ ಒಂದು ‘ಧೀರ್ಘ’ ಇದೆ. (ಹಾಗೆಯೇ, ನಮ್ಮ ‘ರಸೀದಿ’ ಇಂಗ್ಲಿಷಿನ ‘ರಿಸೀಟ್’ನಿಂದ ಬಂದದ್ದಲ್ಲ. ಪಾರಸಿಯದು. ತೆಗೆಯಿರಿ.)

‘ಕನ್ನಡದಲ್ಲಿ ಬರೆದಂತೆ ಓದು, ಓದಿದಂತೆ ಬರೆ, ಹೆಟರಾಗ್ರಫಿಯ ಸುಳಿವೇ ಇಲ್ಲ’ ಎಂದು ಏಳನೆಯ ಪುಟದಲ್ಲಿ ಎದೆ ತಟ್ಟಿಕೊಂಡಿದ್ದೀರಿ. ನನ್ನ ಅಸಲಿ ತಕರಾರು ಇದು. ‘ಬ್ರಹ್ಮ’ ಎಂದು ಬರೆಯಿರಿ, ಆಮೇಲೆ ಗಟ್ಟಿಯಾಗಿ ಓದಿ. ಹ ಮೇಲಿದೆ, ಮ ಒತ್ತಿನಲ್ಲಿದೆ. ಬಾಯಲ್ಲಿ ಮೊದಲು ಬರುವುದು ಮ. ‘ಚಿಹ್ನೆ’ಯೂ ಅಷ್ಟೆ. ‘ಋಷಿ’ಯ ಋ ನಮ್ಮಲ್ಲಿ ರು ಆಗಿ ಯಾವ ಕಾಲವಾಯಿತು. ಶ, ಷ ಬೇರೆಬೇರೆ ಬರೆಯುತ್ತೇವೆ, ಬೇರೆಬೇರೆ ನುಡಿಯುವವರು ನಿಮ್ಮ ಬೀದಿಯಲ್ಲಿ ಎಷ್ಟು ಮಂದಿ? ಒಂದೇ ಸೊನ್ನೆ ‘ಅಂಕ’, ‘ಅಂಚು’, ‘ಅಂಟು’, ‘ಅಂತ’, ‘ಅಂಬು’ ಐದರಲ್ಲಿ ಐದು ಅನುನಾಸಿಕ. ಮುಂದಿನ ಅಕ್ಷರ ನೋಡಿದರೆ ಯಾವುದೆಂದು ತಿಳಿಯುತ್ತದೆ, ಒಪ್ಪಿದೆ; ಜಾಗ ನೋಡಿ ದನಿ ತಿಳಿಯುವುದು ಇಂಗ್ಲಿಷಿನಲ್ಲಾದರೆ ಹುಚ್ಚು, ನಮ್ಮಲ್ಲಾದರೆ ವಿಜ್ಞಾನವೆ? ಬಾಯಿ ಬಿಟ್ಟುಕೊಟ್ಟ ಅಕ್ಷರಗಳ ರಗಳೆಯೂ ನಮಗೆ ಹೊಸದಲ್ಲ. ಹದಿಮೂರನೆಯ ಶತಮಾನದಲ್ಲೇ ವ್ಯಾಕರಣಕಾರ ಕೇಶಿರಾಜ ಹಳಗನ್ನಡದ ‘ೞ’ ಇರುವ ಪದಗಳನ್ನು ಪಟ್ಟಿ ಮಾಡಿಕೊಡಬೇಕಾಯಿತು. ಎಲ್ಲರ ಬಾಯಲ್ಲೂ ತಾನಾಗಿ ಬರುತ್ತಿದ್ದರೆ ಪಟ್ಟಿ ಯಾರಿಗೆ ಬೇಕಿತ್ತು? ನಮ್ಮ ಕಾಲದಲ್ಲಿ ಭಾಷಾವಿಜ್ಞಾನಿ ಡಿ.ಎನ್. ಶಂಕರ ಭಟ್ಟರು ಮಹಾಪ್ರಾಣಗಳನ್ನು ಕೈಬಿಟ್ಟು ಬರೆಯೋಣ ಎಂದಾಗ ಎದ್ದ ಜಗಳವೂ ಬಾಯಿ ಮತ್ತು ಬರಹದ ನಡುವಿನ ಇದೇ ಸಂದಿಯದು. ನೀವು ಯಾವ ಪಕ್ಷವಾದರೂ ಹಿಡಿಯಿರಿ, ಸಂದಿಯೇ ಇಲ್ಲ ಎನ್ನಬೇಡಿ. ನಮ್ಮ ಸಂದಿ ಇಂಗ್ಲಿಷಿನದಕ್ಕಿಂತ ಎಷ್ಟೋ ಕಿರಿದು. ಅಷ್ಟು ಹೇಳಿದರೆ ನಿಜ. ಅದಕ್ಕಿಂತ ಹೆಚ್ಚು ಹೇಳಿದರೆ ರಾಜ್ಯೋತ್ಸವದ ಭಾಷಣ.

ಇಂಗ್ಲಿಷ್ ಪದಗಳು ಬಂದ ಮೇಲೆ ನಾವೂ ಹೊಸ ಹೆಟರಾಗ್ರಫಿ ಕಟ್ಟಿಕೊಂಡಿದ್ದೇವೆ. ‘ವ್ಯಾಪಾರ’ದ ವ್ಯಾ ಬೇರೆ, ‘ವ್ಯಾನ್’ನ ವ್ಯಾ ಬೇರೆ. ಎರಡನೆಯದರಲ್ಲಿ ಯಕಾರದ ಒತ್ತು ಬರಿಯ ಗುರುತು; ‘ಪ್ಯಾಟೆ’, ‘ಬ್ಯಾಡ’ ಎಂದು ಆಡುಮಾತು ಬರೆಯಲು ನಾವೇ ಹೊಂದಿಸಿಕೊಂಡ ಉಪಾಯ. ಇನ್ನು ಫ. ‘ಫಲ’ದಲ್ಲಿ ಅದು ಪಕಾರಕ್ಕೆ ಉಸಿರು ಸೇರಿದ್ದು, ‘ಫೋನು’ ಎನ್ನುವಾಗ ಕೆಳದುಟಿ ಮೇಲ್ಹಲ್ಲಿಗೆ ತಾಗುತ್ತದೆ. ಎರಡಕ್ಕೂ ಒಂದೇ ಅಕ್ಷರ. ಕೆಳಗೆ ಎರಡು ಚುಕ್ಕಿಯಿಟ್ಟು ಬೇರೆ ಮಾಡುವ ಕ್ರಮ ಇದೆ, ಇಡುವವರು ಕಡಿಮೆ. ಈಗ ಟೀವಿಯಲ್ಲಿ ‘ಫಲಿತಾಂಶ’ ಓದುವಾಗಲೂ ತುಟಿ ಹಲ್ಲಿಗೆ ತಾಗುತ್ತಿದೆ. ಬಂದ ನೆಂಟ ಮನೆಯವನ ದನಿಯನ್ನೇ ಬದಲಾಯಿಸಿದ.

ನಿಮ್ಮ ಲೇಖನದಲ್ಲಿ ಈ ಫ ಇದೆ. ಆರನೆಯ ಪುಟದಲ್ಲಿ, ನಾಲ್ಕೇ ಸಾಲು. ನಿಮ್ಮ ತಂದೆ ಬೋರ್ಡು ಬರೆಯುತ್ತಿದ್ದರು, ಅಕ್ಷರಕ್ಕಿಷ್ಟು ಎಂದು ಕಾಸು. ಒಂದು ಬಳೆ ಅಂಗಡಿಗೆ ‘ಪ್ಯಾನ್ಸಿ ಸ್ಟೋರ್’ ಎಂದು ಬರೆದರು, ತಾವು ಅನ್ನುವುದು ಹಾಗೆಯೇ ಆದ್ದರಿಂದ. ಅಂಗಡಿಯವರ ಕಾಲೇಜು ಓದುವ ಮಗಳು ನಕ್ಕಳು. ಮಾರನೆಯ ದಿನ ಏಣಿ ಹೊತ್ತು ಹೋಗಿ ಪ ಅಕ್ಷರದ ಕೆಳಗೆ ಒಂದು ಸೀಳು ಎಳೆದು ಬಂದರು, ಅದಕ್ಕೆ ಕಾಸು ಕೇಳಲಿಲ್ಲ. ಇಷ್ಟು ಬರೆದು ನೀವು ‘ಇರಲಿ, ವಿಷಯಕ್ಕೆ ಬರೋಣ’ ಎಂದು ಮುಂದೆ ಹೋಗಿದ್ದೀರಿ. ನಾನು ಆ ವಾಕ್ಯಕ್ಕೆ ಪೆನ್ಸಿಲಿನಲ್ಲಿ ಎರಡು ಗೆರೆ ಎಳೆದಿದ್ದೇನೆ. ಬಾಯಿಗೂ ಬರಹಕ್ಕೂ ಇರುವ ಸಂದಿಯಲ್ಲಿ ಒಬ್ಬ ಮನುಷ್ಯ ಏಣಿ ಇಟ್ಟು ನಿಂತಿದ್ದಾನೆ, ನೀವು ಗ್ರೀಕ್ ಪದ ಹುಡುಕಿಕೊಂಡು ಹೋದಿರಿ.

ಈ ನಾಲ್ಕು ಸಾಲನ್ನು ನಾಲ್ಕು ಪುಟ ಮಾಡಿ ಕಳಿಸಿ. ಹೆಟರಾಗ್ರಫಿ ಒಂದು ಸಲ ಬಂದರೆ ಸಾಕು, ಒಂದೇ ಸ್ಪೆಲಿಂಗಿನಲ್ಲಿ. ಶಾ ಬೇಡ. ಕ್ಯಾಕ್ಸ್‌ಟನ್‌ನ ಮೊಳೆ ಜೋಡಿಸುವವರು ಬೇಕಾದರೆ ಬರಲಿ, ಅವರೂ ನಿಮ್ಮ ತಂದೆಯ ಕಸುಬಿನವರೇ. ನಿಮ್ಮ ತಂದೆ ಬಣ್ಣ ಕಲಸುತ್ತಿದ್ದುದು ಯಾವುದರಲ್ಲಿ, ಅಕ್ಷರಕ್ಕೆ ಎಷ್ಟು ತೆಗೆದುಕೊಳ್ಳುತ್ತಿದ್ದರು, ಒತ್ತಕ್ಷರಕ್ಕೆ ಬೇರೆ ಲೆಕ್ಕವೋ, ಆಮೇಲೆ ಮನೆಯಲ್ಲಿ ‘ಪ್ಯಾನು’ ಅಂದರೋ ‘ಫ್ಯಾನು’ ಅಂದರೋ, ಇವೆಲ್ಲ ನಿಮಗೆ ಮಾತ್ರ ಗೊತ್ತಿರುವ ಸಂಗತಿ.

ಆ ಬೋರ್ಡು ಇನ್ನೂ ಇದ್ದರೆ ಒಮ್ಮೆ ಹೋಗಿ ನೋಡಿ. ಒಂದು ದಿನ ತಡವಾಗಿ ಎಳೆದ ಆ ಸೀಳಿನ ಬಣ್ಣ ಉಳಿದ ಅಕ್ಷರಗಳ ಬಣ್ಣಕ್ಕೆ ಕೂಡಿದೆಯೋ ಇಲ್ಲವೋ, ಅದನ್ನೂ ಬರೆಯಿರಿ.

ವಿಶ್ವಾಸದಿಂದ,
ಸಂಪಾದಕ